ಅಕ್ಕಂದಿರಿಗೆ ಕೊಡಲಾಗದ ಲಗ್ನಪತ್ರಿಕೆ

ಅತ್ತೆಮ್ಮಾ,

ಮೊದಲೇ ಹೇಳಿಬಿಡುತ್ತೇನೆ, ಬೈಯಬೇಡಿ. ಅಲ್ಲ, ಬೈಯಿರಿ. ನೀವು ಹೋದ ಮೇಲೆ ಈ ಮನೆಯಲ್ಲಿ ನನಗೆ ಸರಿಯಾಗಿ ಬೈಯುವವರೇ ಇಲ್ಲ. ನಿಮ್ಮ ಮಗನೋ, ಏನೇ ಆದರೂ "ಹೋಗ್ಲಿ ಬಿಡು" ಅನ್ನುವ ಮನುಷ್ಯ. ನಾನು ಮಾಡಿದ್ದು ಹಾಗೆ ಹೋಗಲಿ ಬಿಡು ಅನ್ನುವಂಥದ್ದಲ್ಲ. ನಮ್ಮ ಗಂಗಿಗೆ ಮದುವೆ ಗೊತ್ತಾಗಿದೆ, ನ್ಯಾಮತಿಯ ಹುಡುಗ. ಇಂಥ ಸುದ್ದಿಯನ್ನು ಮಗಳ ಅಜ್ಜಿಗೆ ಕುಣಿದಾಡಿಕೊಂಡು ಹೇಳಬೇಕಿತ್ತು. ತಲೆ ತಗ್ಗಿಸಿಕೊಂಡು ಹೇಳುತ್ತಿದ್ದೇನೆ.

ನಾನು ಈ ಕೇರಿಗೆ ಬಂದ ಮಾರನೆಯ ಬೆಳಿಗ್ಗೆ ನಿಮಗೆ ನೆನಪಿದೆಯೇ? ಬಿಳಿಚೋಡಿನ ಹುಡುಗಿ ನಾನು. ಹೆಸರಿಗೆ ಬೆಸ್ತರ ಮನೆ, ಕಂಡಿದ್ದೆಲ್ಲ ಒಣಮೀನು. ನೀರು ಅಂದರೆ ಕೊಡದಲ್ಲಿ ಇರುವುದು, ಅಷ್ಟೇ. ನೀವು ಕೈಹಿಡಿದು ಹರಿಗೋಲು ಹತ್ತಿಸಿದಿರಿ. ಬುಟ್ಟಿಯಂಥ ಆ ದೋಣಿ ಗಿರ್ರನೆ ಸುತ್ತಿದಾಗ ಗೊತ್ತಿದ್ದ ದೇವರನ್ನೆಲ್ಲ ಕರೆದೆ. ನಡುನೀರಿನಲ್ಲಿ ನೀವು ಹುಟ್ಟು ಹಾಕುವುದನ್ನು ನಿಲ್ಲಿಸಿ, ಹರಿಗೋಲಿನ ಅಂಚನ್ನು ಬೆರಳಿನಿಂದ ತಟ್ಟಿದಿರಿ, ಪಕ್ಕದ ಮನೆಯ ಕದ ತಟ್ಟುವ ಹಾಗೆ. "ಅಕ್ಕಾರೇ, ಬಂದೀವ್ರೀ. ಹೊಸ ಸೊಸೆ ಬಂದಾಳೆ, ನೋಡ್ರಿ" ಅಂದಿರಿ. ಸುತ್ತ ನರಪಿಳ್ಳೆ ಇಲ್ಲ. ಅಯ್ಯೋ ಶಿವನೇ, ನಮ್ಮಪ್ಪ ತಲೆ ಕೆಟ್ಟವರ ಮನೆಗೆ ಕೊಟ್ಟುಬಿಟ್ಟನಲ್ಲಪ್ಪಾ ಅಂದುಕೊಂಡೆ.

"ಯಾರ್ರೀ ಅಕ್ಕಾರು?" ಅಂದೆ.

"ಈ ಮನೆಯೋರು ಕಣೇ" ಎಂದು ನೀರು ತೋರಿಸಿದಿರಿ. "ರಾಜನ ಮಗಳೊಬ್ಳು ಕೆರೆ ಕಟ್ಟಿಸಾಕೆ ಬಂದಾಗ ಇಲ್ಲಿ ಸೂಳೇರ ಕೇರಿ ಇತ್ತಂತೆ. ಜಾಗ ಬಿಡ್ರವ್ವಾ ಅಂದ್ಲಂತೆ. ಬಿಡ್ತೀವಿ, ಕೆರೆಗೆ ನಮ್ ಹೆಸ್ರೇ ಇಡ್ಬೇಕು ಅಂದ್ರಂತೆ. ಬಂಗಾರ ಕೇಳ್ಲಿಲ್ಲ, ಬೆಳ್ಳಿ ಕೇಳ್ಲಿಲ್ಲ, ಹೆಸ್ರು ಕೇಳಿದ್ರು. ನಾವು ಅವರ ಅಂಗಳದಾಗೆ ಬಲೆ ಬೀಸಿ ಹೊಟ್ಟೆ ಹೊರೀತೀವಿ. ಕದ ತಟ್ದಲೆ ಒಳಗೆ ಹೋಗಾಕೆ ಆಗ್ತೈತೇನೇ?"

ನಮ್ಮ ಕೇರಿಯ ಚರಿತ್ರೆಯನ್ನು ನಾನು ಕಲಿತದ್ದು ನಿಮ್ಮ ಬಾಯಿಂದಲೇ, ಮೀನಿನ ಹುರುಪೆ ತೆಗೆಯುತ್ತಾ. ನಿಮ್ಮ ಅಜ್ಜಂದಿರು ಹೊನ್ನಾಳಿಯಲ್ಲಿ ಹೊಳೆ ದಾಟಿಸುತ್ತಿದ್ದರು. "ಸೇತುವೆ ಆತು, ಊರಿಗೆಲ್ಲ ದಾರಿ ಆತು, ನಮ್ ದಾರಿ ಹೋತು" ಅನ್ನುತ್ತಿದ್ದಿರಿ. ಹರಿಗೋಲನ್ನು ಬೋರಲು ಮಾಡಿ ತಲೆಯ ಮೇಲೆ ಹೊತ್ತುಕೊಂಡೇ ನಡೆದು ಬಂದರಂತೆ. ಏರಿಯ ಹತ್ತಿರ ಮಳೆ ಹಿಡಿದಾಗ ಹೆಂಗಸರು ಮಕ್ಕಳೆಲ್ಲ ಅದರ ಕೆಳಗೇ ಕೂತರಂತೆ. ಕೇರಿಯ ಮೊದಲ ಮನೆ ಅದೇ ಅಲ್ಲವೇ? ಮನೆ ಇಲ್ಲದೆ ಬಂದವರಿಗೆ ಮನೆ ಬಿಟ್ಟುಕೊಟ್ಟವರ ಮೇಲೆ ಅಷ್ಟೊಂದು ಮರ್ಯಾದೆ ಯಾಕೆ ಅನ್ನುವುದು ಆಗ ನನಗೆ ಅರ್ಥವಾಗಿರಲಿಲ್ಲ.

ಕೋಡಿ ಬಿದ್ದ ವರ್ಷವೂ ಹಾಗೇ ಪೆಚ್ಚಾಗಿದ್ದೆ. ಊರೆಲ್ಲ ಬಾಗಿನ ಬಿಡಲು ಓಡುತ್ತಿದ್ದರೆ ನಾನೂ ಆರತಿ ತಟ್ಟೆ ಹಿಡಿದು ಹೊರಟೆ; ನೀರಿಲ್ಲದ ಊರಿನವಳಿಗೆ ಅದಕ್ಕಿಂತ ದೊಡ್ಡ ಹಬ್ಬ ಯಾವುದು? ನೀವು ಹೊಸ್ತಿಲ ಮೇಲೆ ಮುಖ ಊದಿಸಿಕೊಂಡು ಕೂತಿದ್ದಿರಿ. "ಹೋಗಿ ಬಾರವ್ವ, ನಮ್ ಮೀನೆಲ್ಲ ಕೋಡಿ ಹಾರಿ ಹೋಗಾಕೆ ಹತ್ಯಾವೆ, ಅವಕ್ಕೂ ಒಂದ್ ಆರತಿ ಎತ್ತು" ಅಂದಿರಿ. ಮರುಗಳಿಗೆಯೇ ನನ್ನ ಮುಖ ನೋಡಿ ನಕ್ಕುಬಿಟ್ಟಿರಿ. ನಿಮ್ಮ ಆ ನಗು ಈ ಮನೆಯಲ್ಲಿ ಈಗ ಯಾರಿಗೂ ಬರುವುದಿಲ್ಲ.

ಆದರೆ ಬಸ್ಸಿನಲ್ಲಿ ಮಾತ್ರ ನಿಮ್ಮ ಜೊತೆ ಬರುವುದೆಂದರೆ ನನಗೆ ಪ್ರಾಣಸಂಕಟ. ಕಂಡಕ್ಟರ್ "ಯಾರ್ರೀ ಸೂಳೆಕೆರೆ?" ಎಂದು ಕೂಗಿದರೆ ನಾನು ಕಿಟಕಿಯ ಕಡೆ ತಿರುಗುತ್ತಿದ್ದೆ. ನೀವು ಹಿಂದಿನ ಸೀಟಿನಿಂದಲೇ "ನಾವೇ ಕಣಪ್ಪಾ ಸೂಳೆಕೆರೆಯೋರು! ತಡಿ, ಬುಟ್ಟಿ ಐತೆ!" ಎಂದು ಬಸ್ಸಿಗೆಲ್ಲ ಕೇಳುವ ಹಾಗೆ ಕೂಗುತ್ತಿದ್ದಿರಿ. ನೀರು ಕುಡಿಯುವಾಗ, ಗದ್ದೆಗೆ ಬಿಡುವಾಗ ಯಾರಿಗೂ ನಾಚಿಕೆ ಇಲ್ಲ, ಹೆಸರು ಹೇಳುವಾಗ ಎಲ್ಲಿಂದ ಬರುತ್ತದೆ ಎಂದು ಕೇಳುತ್ತಿದ್ದಿರಿ. ನಾನೋ, ತವರಿನಲ್ಲಿ ಯಾರಾದರೂ ಊರು ಕೇಳಿದರೆ "ಚನ್ನಗಿರಿ ಹತ್ರ" ಅಂದು ಮಾತು ತೇಲಿಸುತ್ತಿದ್ದೆ.

ಈಗ ಕೇಳಿ. ನ್ಯಾಮತಿಯವರು ಬಂದ ದಿನ ಹುಡುಗನ ತಾಯಿ ಊಟ ಮಾಡುತ್ತಾ, "ಹುಡುಗಿ ಊರು ಏನಂತ ಹಾಕ್ಸಾದ್ರೀ ಪತ್ರಿಕೆಯಾಗೆ?" ಎಂದು ಕೇಳಿದರು. ನಿಮ್ಮ ಮಗ ಬಾಯಿ ತೆರೆಯುವುದರೊಳಗೆ ನಾನು, "ಶಾಂತಿಸಾಗರ ಅಂತ ಹಾಕ್ಸಾಣ್ರೀ" ಅಂದುಬಿಟ್ಟೆ. ನಮ್ಮ ಕೆರೆಯ ಆ ಇನ್ನೊಂದು ಹೆಸರು, ಬೋರ್ಡಿನ ಮೇಲಿನದು, ಎಷ್ಟು ನಯವಾಗಿ ಬಂತು ನೋಡಿ ಬಾಯಿಂದ! ಚನ್ನಗಿರಿಯ ಪ್ರೆಸ್ಸಿನಲ್ಲೂ ನಿಂತು ಹಾಗೇ ಬರೆಸಿದೆ. ಪತ್ರಿಕೆ ಬಂದಾಗ ಗಂಗಿ ಓದಿ, "ಅವ್ವಾ, ಅಜ್ಜಿ ಕೇಳಿದ್ರೆ ಏನಂತೀಯೇ?" ಅಂದಳು.

"ಅಜ್ಜಿ ಇಲ್ವಲ್ಲೇ ಈಗ" ಅಂದೆ.

ಹೌದು ಅತ್ತೆಮ್ಮಾ, ಹಾಗಂದೆ. ಈ ನಾಲಿಗೆಯೇ. ಮಗಳು ಪತ್ರಿಕೆಯನ್ನು ನನ್ನ ಮಡಿಲಲ್ಲಿ ಇಟ್ಟು ಎದ್ದು ಹೋದಳು.

ನಮ್ಮ ಮನೆಯ ರೂಢಿ ನಿಮಗೆ ನಾನು ಹೇಳಬೇಕೇ? ಮೊದಲ ಪತ್ರಿಕೆ ದೇವರಿಗಲ್ಲ, ನೆಂಟರಿಗಲ್ಲ, ನೀರಿನೊಳಗಿನ ಅಕ್ಕಂದಿರಿಗೆ. ನನ್ನ ಮದುವೆಯದನ್ನು ನೀವೇ ಕೊಟ್ಟು ಬಂದಿದ್ದಿರಂತೆ. ಈಗ ಆ ಕೆಲಸ ನನ್ನದು. ಮೊನ್ನೆ ಬೆಳಿಗ್ಗೆ ಪತ್ರಿಕೆಗೆ ಅರಿಶಿನ ಕುಂಕುಮ ಹಚ್ಚಿಕೊಂಡು ಒಬ್ಬಳೇ ಹರಿಗೋಲು ಬಿಟ್ಟೆ. ನಡುನೀರಿನಲ್ಲಿ ನಿಂತು ಅಂಚು ತಟ್ಟಿದೆ. "ಅಕ್ಕಾರೇ, ಬಂದೀವ್ರೀ. ನಮ್ ಹುಡುಗಿ ಮದ್ವೆ, ಬರ್ಬೇಕು" ಅನ್ನಬೇಕು. ಪತ್ರಿಕೆ ಕೈಯಲ್ಲಿದೆ. ಬಗ್ಗಿ ನೀರಿಗೆ ಬಿಡಬೇಕು ಅನ್ನುವಾಗ ಊರಿನ ಹೆಸರು ಕಣ್ಣಿಗೆ ಬಿತ್ತು. ಮನೆ ಬಿಟ್ಟುಕೊಟ್ಟು ಅವರು ಕೇಳಿದ್ದು ಅದೊಂದೇ. ಅದನ್ನೇ ಅಳಿಸಿದ ಪತ್ರಿಕೆ ಹಿಡಿದು ಅವರ ಮನೆಗೇ ಕರೆಯಲು ಬಂದಿದ್ದೇನೆ! ಯಾವ ಮುಖ ಇಟ್ಟುಕೊಂಡು? ನನ್ನ ಮಾನವೆಲ್ಲ ಆ ನೀರಿಗೇ ಹೋದ ಹಾಗಾಯಿತು. ಪತ್ರಿಕೆಯನ್ನು ಸೆರಗಿನೊಳಗೆ ಮುಚ್ಚಿಕೊಂಡು, ಬಾಗಿಲು ತಟ್ಟಿ ಓಡಿಹೋಗುವ ತುಂಟ ಮಕ್ಕಳ ಹಾಗೆ ವಾಪಸ್ಸು ಬಂದೆ. ದಂಡೆಯಲ್ಲಿ ನಿಮ್ಮ ಮಗ, "ಕೊಟ್ಯಾ?" ಅಂದರು. "ಇಲ್ಲ" ಅಂದೆ. ಆ ಮನುಷ್ಯ ಈ ಸಲ "ಹೋಗ್ಲಿ ಬಿಡು" ಅನ್ನಲಿಲ್ಲ.

ಅಂದೇ ಬೀಗಿತ್ತಿಗೆ ಫೋನು ಮಾಡಿದೆ. ಸಂಬಂಧ ಮುರಿದರೆ ಮಗಳ ಮುಖ ಹೇಗೆ ನೋಡಲಿ ಎಂಬ ಭಯ ಬೇರೆ. "ಅಕ್ಕಾ, ಒಂದ್ ತಪ್ಪಾಗೈತೆ. ನಮ್ದು ಶಾಂತಿಸಾಗರ ಅಲ್ರೀ, ಸೂಳೆಕೆರೆ. ಪತ್ರಿಕೆಯಾಗೆ ಹಂಗೇ ಹಾಕ್ಸ್ಬೇಕು, ಬ್ಯಾಡ ಅಂದ್ರೆ ಈಗ್ಲೇ ಅಂದ್ಬಿಡ್ರಿ" ಎಂದು ಒಂದೇ ಉಸಿರಿನಲ್ಲಿ ಒದರಿದೆ. ಆ ಕಡೆಯಿಂದ ಹೋ ಎಂದು ನಗು.

"ಅಯ್ಯ, ಇಷ್ಟೇನಾ? ನಮ್ಮನ್ಯಾಗೆ ಎಲ್ರೂ ಸೂಳೆಕೆರೆ ಸಂಬಂಧ ಅಂತಾನೇ ಅನ್ನಾದು. ನೀವು ಶಾಂತಿಸಾಗರ ಅಂದ್ರಲ್ಲ, ಇವರಿಗೆ ಬ್ಯಾಸರ ಆದೀತು ಅಂತ ನಿಮ್ಮೆದ್ರಿಗೆ ನಾವೇ ನಾಲಿಗೆ ಕಚ್ಕೊಂಡು ಕುಂತಿದ್ವಿ!"

ನನಗೆ ಹಗುರಾಗಬೇಕಿತ್ತು. ಆಗಲಿಲ್ಲ ಅತ್ತೆಮ್ಮಾ. ಅವರು ಮುಖ ಸಿಂಡರಿಸಿದ್ದರೆ, ಅವರಿಗಾಗಿ ಸುಳ್ಳು ಹೇಳಿದೆ ಎಂದಾದರೂ ಅಂದುಕೊಳ್ಳಬಹುದಿತ್ತು. ಯಾರೂ ಕೇಳಿರಲಿಲ್ಲ. ಯಾರೂ ಬೇಡ ಅಂದಿರಲಿಲ್ಲ. ಬಸ್ಸಿನಲ್ಲಿ ಕಿಟಕಿಯ ಕಡೆ ತಿರುಗುತ್ತಿದ್ದವಳು ನಾನೊಬ್ಬಳೇ. ಇಷ್ಟು ವರ್ಷ ನಿಮ್ಮ ಕೈಯ ಅನ್ನ ತಿಂದು ಇಷ್ಟೇ ಕಲಿತೆನೇ...

ಹೊಸ ಪತ್ರಿಕೆ ಇವತ್ತು ಬಂದಿದೆ. ಸೂಳೆಕೆರೆ ಎಂದು ದಪ್ಪ ಅಕ್ಷರದಲ್ಲಿದೆ. ನಿಮ್ಮ ಹೆಸರೂ ಇದೆ. ಗಂಗಿ ಎರಡು ಸಲ ಓದಿದಳು. ನಾಳೆ ಅವಳೂ ನನ್ನ ಜೊತೆ ಬರುತ್ತಾಳೆ, ಅಂಚು ತಟ್ಟುವುದು ನಾನೇ ಅನ್ನುತ್ತಿದ್ದಾಳೆ. ತಟ್ಟಲಿ. ಕೂಗುವುದು ಮಾತ್ರ ನಾನು, ಏರಿಯ ಮೇಲಿನ ಬಸ್ಸಿಗೂ ಕೇಳುವ ಹಾಗೆ ಕೂಗುತ್ತೇನೆ. ನೀವೂ ಈಗ ಅದೇ ಮನೆಯಲ್ಲಿ ಇದ್ದೀರಿ ಎಂದು ನಂಬಿದ್ದೇನೆ. ನಾಳೆ ಕದ ನೀವೇ ತೆಗೆಯಿರಿ ಅತ್ತೆಮ್ಮಾ. ಅಕ್ಕಂದಿರ ಮುಖ ನೋಡುವ ಮೊದಲು ನಿಮ್ಮಿಂದ ಬೈಸಿಕೊಳ್ಳಬೇಕು.

ನಿಮ್ಮ ಸೊಸೆ,
ಸೂಳೆಕೆರೆಯ ಓಬಮ್ಮ