ಅಪ್ಪನ ಪಾತ್ರಕ್ಕೆ ದನಿ

ಮೇ 3, ಟೂಂಗಾಬಿ, ಸಿಡ್ನಿ

"ಸಭೆಗೆ ನಮಸ್ಕಾರ. ನಮ್ಮ ಹುಚ್ಚುಗಳನ್ನು ಸಹಿಸಿದ ಹಿರಿಯರಿಗೆ ವಂದನೆ." ಮೆಲ್ಬರ್ನ್ ಪ್ರದರ್ಶನದ ಸ್ವಾಗತ ಭಾಷಣ ಇಷ್ಟೇ ಸಿದ್ಧ. ತೋರಿಸುವುದು ಹಳೆಯ ಜಪಾನೀ ಮೂಕಿಚಿತ್ರ: ಕೆಲಸ ಕಳೆದುಕೊಂಡ ತಂದೆ, ಜ್ವರದ ಮಗು, ಬರಿದಾದ ಅಕ್ಕಿಡಬ್ಬ. ಆ ಕಾಲದಲ್ಲಿ ಅಲ್ಲಿ ಪರದೆಯ ಪಕ್ಕ ಒಬ್ಬರು ನಿಂತು ಪಾತ್ರಗಳಿಗೆಲ್ಲ ದನಿಯಾಗುತ್ತಿದ್ದರು. ನಮ್ಮ ಮಕ್ಕಳ ತಂಡದಲ್ಲಿ ಆ ಕೆಲಸ ಹದಿನಾರರ ಅನಘಾಳದು, ಕನ್ನಡದಲ್ಲಿ.

"ಆಂಟಿ, ಮೈ ಕನ್ನಡ ಈಸ್ ಸೋ ಬ್ಯಾಡ್."

"ಮನೇಲಿ ಅಪ್ಪ ಹೇಗೆ ಮಾತಾಡ್ತಾರೋ ಹಾಗೇ ಹೇಳು, ಪುಟ್ಟಿ."

ಇವಳ ಮೇಲೆ ನನಗೆ ಬಹಳ ಭರವಸೆ.

ಮೇ 10

ಅಭ್ಯಾಸ. ಪರದೆಯ ತಂದೆ ಕೋಟು ತೊಟ್ಟು, ಇಲ್ಲದ ಆಫೀಸಿಗೆ ಹೊರಟ. ಅನಘಾ ಗಂಡುದನಿ ತೆಗೆದಳು: "ಲೇಆಫ್ ವಿಷ್ಯ ಯಾರ್ಗೂ ಹೇಳ್ಬೇಡ. ಹೇಮಲತಾ ಆಂಟಿ ಕೇಳಿದ್ರೆ ಅಪ್ಪ ನಾರ್ವೆಸ್ಟ್ ಆಫೀಸ್‌ಗೆ ಹೋಗಿದಾರೆ ಅನ್ನು..."

ನನ್ನ ಹೆಸರು ಕೇಳಿ ಮಕ್ಕಳೆಲ್ಲ ನಕ್ಕರು. ಅವಳು ನಗಲಿಲ್ಲ. ಬಾಯಿಗೆ ಕೈ ಅಡ್ಡ ಹಿಡಿದಳು.

ಅವಳ ಅಪ್ಪ ಸುದರ್ಶನ್‌ರ ಕೆಲಸ ಹೋಗಿದೆ! ಹೊಸ ಸ್ಪಾನ್ಸರ್ ಕಂಪನಿ ಸಿಗದಿದ್ದರೆ ವೀಸಾ ಇಲ್ಲ; ಸಂಸಾರವೇ ದೇಶ ಬಿಡಬೇಕು. ಮನೆಯ ಮಾತನ್ನೇ ತಾ ಎಂದವಳು ನಾನು...

ಮೇ 11

ತುಂಬಿದ ಸಭೆಯಲ್ಲಿ, ಸ್ವಂತ ಮಗಳ ಬಾಯಿಂದಲೇ ಈ ಗುಟ್ಟು ಹೊರಬಿದ್ದರೆ? ಅನಘಾಳಿಗೆ ಫೋನ್ ಮಾಡಿದೆ: ಆ ದೃಶ್ಯಕ್ಕೆ ಮಾತೇ ಬೇಡ, ಸುಮ್ಮನಿರು.

"ಆಂಟಿ, ಅಪ್ಪಂಗೆ ಎಲ್ಲಾ ಹೇಳ್ಬಿಟ್ಟೆ. ಕಾರ್ ಕೀ ತಗೊಂಡು ಹೋದ್ರು. ಫೋನ್ ಎತ್ತುತಾ ಇಲ್ಲ."

ದೇವರೇ—

ಮೇ 24, ಪಾಯಿಂಟ್ ಕುಕ್, ಮೆಲ್ಬರ್ನ್, ವೇದಿಕೆಯ ಹಿಂದೆ

ಅಂದು ಸಂಜೆಯೇ ಸುದರ್ಶನ್ ಮರಳಿದ್ದರು. ಆದರೆ ಮಗಳೊಡನೆ ಮಾತಿಲ್ಲ. ಆದರೂ ಸಿಡ್ನಿಯಿಂದ ಇಲ್ಲಿಯವರೆಗೆ ಅವಳನ್ನು ಕಾರಲ್ಲಿ ಕರೆತಂದವರು ಅವರೇ. ಈಗ ನೇರ ನನ್ನತ್ತ ಬಂದರು.

"ಮೇಡಂ, ಆ ಸೀನ್‌ಗೆ ವಾಯ್ಸ್ ತೆಗೆದ್ರಂತೆ?"

"ಬೇಡ ಸುದರ್ಶನ್, ಮಗು ಗೊತ್ತಿಲ್ಲದೆ..."

"ನಾನ್ ಕೊಡ್ತೀನಿ. ಇವಳ ಮಿಮಿಕ್ರಿ ಸರಿಯಿಲ್ಲ. ನಾನು ಅಷ್ಟೊಂದ್ ಗೊರಗೊರ ಅನ್ನಲ್ಲ."

"ಯೂ ಸೋ ಡೂ, ಅಪ್ಪಾ! ಗೊರಗೊರಾನೇ!" ಅನಘಾ ಕಣ್ಣೊರೆಸಿಕೊಂಡಳು.

"ಅದೇ ಮಾತಾ?" ಎಂದೆ.

"ಅದೇ. ಆಮೇಲೆ ಇವಳು ಯಾರ್ಗೂ ಸುಳ್ಳು ಹೇಳೋದು ಬೇಡ."

ಎರಡನೆಯ ಮೈಕು ಬಂತು. ಸುದರ್ಶನ್ ಅದನ್ನು ಕೈಗೆತ್ತಿಕೊಂಡರು. ಹೊರಗೆ ಕುಳಿತವರಲ್ಲಿ ಯಾರು ಮರುಗುವರೋ, ಯಾರು ಆಡಿಕೊಳ್ಳುವರೋ... ನನಗಿನ್ನೂ ಭಯ. ದೀಪಗಳು ಆರಿದವು. ಇಬ್ಬರೂ ನನ್ನ ಮುಖ ನೋಡುತ್ತಿದ್ದಾರೆ. ಹೇಳಬೇಕು: ನಡೆಯಿರಿ, ಆರಂಭಿಸಿ—