ಮೆಹಂದಿ ಹಚ್ಚದ ಕೈ

ಸಿರುಗುಪ್ಪ, ಮಂಗಳವಾರ

ಅಮ್ಮಿ, ನಿನಗೆ ಸಲಾಂ.

ಫೋನಿನಲ್ಲಿ ಈ ಮಾತೆತ್ತಿದರೆ ಕಟ್ ಮಾಡುತ್ತೀ, ಅದಕ್ಕೇ ಬರೆಯುತ್ತಿದ್ದೇನೆ.

ನಮ್ಮ ಸಾಕ್ಷ್ಯಚಿತ್ರಕ್ಕೆಂದು ನಿನ್ನನ್ನು ಶೂಟ್ ಮಾಡಿದ್ದನ್ನು ಇಲ್ಲಿ ಕೂತು ನೋಡಿದೆ. ಜೀನ್ಸ್ ತೊಳೆಯುವ ಬ್ಲೀಚಿನಿಂದ ನಿನ್ನ ಕೈ ಸುಟ್ಟ ಕಲೆ ಒಂದೂ ಕಾಣುತ್ತಿಲ್ಲ. ಕಾಣುವುದೆಲ್ಲ ಮೊಣಕೈವರೆಗಿನ ಮೆಹಂದಿ. “ಪರದೇಶದ ಮಂದಿ ನೋಡ್ತಾರಂತ ನೀನಾ ಹೇಳಿದಿ, ಇಂಥಾ ಕೈ ಹೆಂಗ ತೋರಸಲಿ?” ಎಂದು ಅವತ್ತು ನೀನು ನನ್ನನ್ನೇ ಕೇಳಿದ್ದೆ. ನಾನೂ ನಕ್ಕು ಕ್ಯಾಮೆರಾ ಆನ್ ಮಾಡಿದ್ದೆ.

ತಮ್ಮಲ್ಲಿ ಯಾರ ಕೈಯೂ ಸುಟ್ಟಿಲ್ಲ ಎಂದು ನಿನ್ನ ಮಾಲೀಕರು ಕ್ಯಾಮೆರಾ ಮುಂದೆ ಹೇಳಿದ್ದಾರೆ. ಆ ಸುಳ್ಳಿಗೆ ಈಗ ನಿನ್ನ ಮೆಹಂದಿಯೇ ಸಾಕ್ಷಿ!

ಕೆಲಸಗಾರರಿಗೆ ಕೈಗವಸು ಕೊಡಬೇಕೆಂದು ಅಂತರರಾಷ್ಟ್ರೀಯ ಕಾನೂನಿದೆ, ಅಮ್ಮಿ. ನಮ್ಮ ಚಿತ್ರ ತೋರಿಸುವುದು ಅಂಥ ಕಾನೂನು ಮಾಡುವವರ ಮುಂದೆಯೇ, ಜಿನೀವಾದಲ್ಲಿ; ಅಲ್ಲಿ ನಿನ್ನ ಕೈ ತೋರಿಸದೆ ನಾನು ಬಿಡುವುದಿಲ್ಲ.

ಬಣ್ಣ ಹೋಗುವವರೆಗೆ ಕಾಯುತ್ತೇನೆ. ಆಮೇಲೆ ಕೌಲ್ ಬಜಾರಿನ ನಮ್ಮ ಮನೆಗೇ ಕ್ಯಾಮೆರಾ ತರುತ್ತೇನೆ. ಹಬ್ಬದ ಸೀರೆ ಉಡು, ಬೇಡ ಅನ್ನುವುದಿಲ್ಲ. ಕೈ ಮಾತ್ರ ಇದ್ದ ಹಾಗೇ ಇರಲಿ.

ಉಳಿದ ಮೆಹಂದಿಯನ್ನು ನನಗೆ ಹಚ್ಚು. ಮುಚ್ಚುವಂಥದ್ದು ನನ್ನ ಕೈಯಲ್ಲಿ ಏನೂ ಇಲ್ಲ. ಜೀನ್ಸ್ ತೊಳೆಯುವ ಆ ಕೆಲಸಕ್ಕೆ ನೀನು ನನ್ನನ್ನು ಒಂದು ದಿನವೂ ಕಳಿಸಲಿಲ್ಲ.

ನಿನ್ನ ಮಗಳು,
ಶಬನಂ