ತಾರಸಿಯ ಮೇಲೆ ಹನ್ನೊಂದು ನಿಮಿಷ

ಜೂನ್ 18, ಬುಧವಾರ, ಸಂಜೆ 7

ಇವತ್ತು ಎಸಿ ರಿಪೇರಿಗೆ ಏಳು ಮನೆ. ಐದನೆಯದರ ಹೊತ್ತಿಗೆ ಬಾಟಲಿಯ ನೀರು ಚಹಾ ಮಾಡುವಷ್ಟು ಬಿಸಿ. ನೂರಹನ್ನೊಂದು ಫ್ಯಾರನ್‌ಹೀಟ್ ಎಂದಿತು ರೇಡಿಯೊ. ತಾರಸಿಯ ಮೇಲೆ ಎಷ್ಟೆಂದು ರೇಡಿಯೊದವರು ಹತ್ತಿ ನೋಡುವುದಿಲ್ಲ.

ಐದನೆಯ ಮನೆ ಸ್ಟಾಟ್ಸ್ ದಂಪತಿಯದು. ವಿಲ್ಮಾಗೆ ಎಪ್ಪತ್ತೆಂಟು, ಶಾಲೆಯ ಅಡುಗೆಮನೆಯಲ್ಲಿ ಮೂವತ್ತು ವರ್ಷ ದುಡಿದವರು. ಗಂಡ ಎವರೆಟ್‌ಗೆ ಎಂಬತ್ತೊಂದು, ತಾಮ್ರದ ಗಣಿಯಲ್ಲಿ ಲಾರಿ ಓಡಿಸುತ್ತಿದ್ದರು. ಈಗ ಕೈ ನಡುಗುವ ಕಾಯಿಲೆ. ನುಂಗುವ ಮಾತ್ರೆಗಳಿಂದ ಬೆವರೇ ಬರುವುದಿಲ್ಲವಂತೆ. ಕತ್ತಿಗೆ ಒದ್ದೆ ಟವೆಲ್ ಸುತ್ತಿಕೊಂಡು ಕೂತಿದ್ದರು.

ತಾರಸಿಯ ಮೇಲಿನ ಎಸಿ ಪೂರ್ತಿ ನಿಂತಿತ್ತು. ಮೇಲೆ ಹತ್ತಿದೆ. ಹೊರಗಿನ ಜಾಲರಿಯ ತುಂಬ ಧೂಳು, ಪಾರಿವಾಳದ ಪುಕ್ಕ. ಕಂಪ್ರೆಸರ್ ಮುಟ್ಟಿದರೆ ಅಂಗೈ ಚುರ್ರೆಂದಿತು. ಮೀಟರ್ ಇಟ್ಟೆ. ಒಳಗಿನ ತಂತಿ ಸುರುಳಿ ತುಂಡಾಗಿದೆ ಎಂದು ತೋರಿಸಿತು. ಸತ್ತಿದೆ, ಸರಿ. ನಮ್ಮನ್ನು ಕಳಿಸುವುದು, ರಿಪೇರಿ ಖರ್ಚು ಕೊಡುವುದು ವಾರಂಟಿ ಕಂಪನಿ. ಫೋನಿನಲ್ಲಿರುವ ಅವರ ಫಾರ್ಮ್‌ನಲ್ಲಿ ‘ಕಾರಣ’ ಎಂಬಲ್ಲಿ ಒಂದನ್ನು ಆರಿಸಬೇಕು. ‘ನಿರ್ವಹಣೆಯ ಕೊರತೆ’ ಎಂಬುದನ್ನು ಒತ್ತಿದೆ. ನಾಲ್ಕು ಫೋಟೊ. ಒಟ್ಟು ಹನ್ನೊಂದು ನಿಮಿಷ. ಹದಿನೈದರೊಳಗೆ ಮುಗಿಸಿದರೆ ಕಂಪನಿಯ ಪಟ್ಟಿಯಲ್ಲಿ ನಮ್ಮ ಅಂಗಡಿಗೆ ಒಳ್ಳೆಯ ಅಂಕ ಬೀಳುತ್ತದೆ.

ಕೆಳಗಿಳಿದು, ಗೋಡೆಯ ಸ್ವಿಚ್ ಆಫ್ ಮಾಡಿಯೇ ಇಡಿ, ಕಂಪನಿಯವರು ಫೋನ್ ಮಾಡುತ್ತಾರೆ ಎಂದೆ. ವಿಲ್ಮಾ ನಿಂಬೆ ಪಾನಕ ತಂದರು. ಹೊತ್ತಿಲ್ಲ ಎಂದು ಬಂದುಬಿಟ್ಟೆ.

ಅಂಗೈಯಲ್ಲಿ ಗುಳ್ಳೆ ಎದ್ದಿದೆ.

ಜೂನ್ 20, ಶುಕ್ರವಾರ

ಸ್ಟಾಟ್ಸ್ ಮನೆಯ ಅರ್ಜಿ ತಿರಸ್ಕೃತ. ಆಶ್ಚರ್ಯವಿಲ್ಲ. ಬಳಸಿ ಬಳಸಿ ಸವೆದು ಕೆಟ್ಟರೆ ವಾರಂಟಿ ಕೊಡುತ್ತದೆ, ನೋಡಿಕೊಳ್ಳದೆ ಕೆಟ್ಟರೆ ಇಲ್ಲ. ಇಡೀ ವ್ಯವಹಾರ ಈ ಎರಡು ಸಾಲಿನ ನಡುವೆ ನಡೆಯುತ್ತದೆ.

ಆಶ್ಚರ್ಯ ಆದದ್ದು ವಿಲ್ಮಾ ಅಂಗಡಿಗೇ ಫೋನ್ ಮಾಡಿ, ಏಣಿ ಹತ್ತಿದ ಹೆಂಗಸು ಬೇಕು ಎಂದು ಕೇಳಿದ್ದು. ಬೈಯುತ್ತಾರೆ ಅಂದುಕೊಂಡೆ. ಬೈಯಲಿಲ್ಲ. ಬರೆದುಕೊಳ್ಳಲು ಪೆನ್ನು ಹಿಡಿದು ಕೂತಿದ್ದರಂತೆ.

"ನಾನು ಏನು ತೊಳೀಬೇಕಿತ್ತು ಹೇಳಮ್ಮ. ಎಷ್ಟು ದಿನಕ್ಕೊಂದು ಸಲ? ನಂಗ್ಯಾರೂ ಹೇಳಿರಲಿಲ್ಲ."

ವರ್ಷಕ್ಕೊಮ್ಮೆ ಜಾಲರಿ ಎಂದೆ. ಮಗಳು, ಮಗ, ಯಾರಾದರೂ ಇದ್ದಾರಾ ಎಂದೆ. ಇಲ್ಲ. ಲೈಬ್ರರಿಯಲ್ಲಿ ತಂಪು ಕೋಣೆ ತೆರೆದಿದ್ದಾರೆ, ಅಲ್ಲಿಗೆ ಹೋಗಬಹುದು ಎಂದೆ. ಎವರೆಟ್‌ನನ್ನು ಕಾರಿಗೆ ಹತ್ತಿಸಲು ಇಬ್ಬರು ಬೇಕು ಎಂದರು.

ಸುಮ್ಮನೆ ಅಂಗಳದಲ್ಲಿ ಅತ್ತಿಂದಿತ್ತ ನಡೆದೆ.

ಜೂನ್ 21, ಶನಿವಾರ, ಮಧ್ಯಾಹ್ನ 3

ಬೆಳಿಗ್ಗೆ ಒಂದೇ ಮನೆ. ಅಲ್ಲೂ ಕಂಪ್ರೆಸರ್ ಸತ್ತಿದೆ ಎಂದು ಮೀಟರ್ ತೋರಿಸಿತು. ಅಷ್ಟರಲ್ಲಿ ಯೊಲಾಂಡಾ ಅಕ್ಕನ ಫೋನ್. ಇವತ್ತು ಅವಳ ಮಗಳು ಮಾರಿಬೆಲ್‌ಗೆ ಹದಿನೈದು ತುಂಬುವ ಹಬ್ಬ. ಕೇಕಿನವನು ತಪ್ಪು ಬಣ್ಣ ಹಾಕಿದ್ದಾನೆಂದು ಅಕ್ಕನ ಗೋಳು. ಇಳಿದು ವ್ಯಾನಿನಲ್ಲಿ ಕೂತು ಮುಕ್ಕಾಲು ಗಂಟೆ ಸಮಾಧಾನ ಮಾಡಿದೆ. ಮತ್ತೆ ಹತ್ತಿ ಮೀಟರ್ ಇಟ್ಟರೆ — ಸುರುಳಿ ಸರಿಯಾಗಿದೆ.

ಕಂಪ್ರೆಸರ್ ಅತಿಯಾಗಿ ಕಾದರೆ ತನ್ನಷ್ಟಕ್ಕೆ ಒಳಗಿಂದ ಕರೆಂಟು ಕಡಿದುಕೊಳ್ಳುತ್ತದೆ, ಆರಿದ ಮೇಲೆ ಕೂಡಿಕೊಳ್ಳುತ್ತದೆ. ಕೆಲಸ ಕಲಿತ ಮೊದಲ ವಾರದ ಪಾಠ. ಇಪ್ಪತ್ತೆರಡು ವರ್ಷದಿಂದ ಗೊತ್ತು ನನಗೆ. ಇಲ್ಲಿ ಕೆಟ್ಟಿದ್ದು ಫ್ಯಾನಿಗೆ ನೂಕು ಕೊಡುವ ಕೆಪಾಸಿಟರ್, ಅಂಗೈಯಷ್ಟು ಡಬ್ಬಿ. ಫ್ಯಾನ್ ನಿಂತಿದ್ದರಿಂದ ಕಂಪ್ರೆಸರ್ ಕಾದಿತ್ತು, ಅಷ್ಟೇ.

ಬುಧವಾರ ಸ್ಟಾಟ್ಸ್ ಮನೆಯಲ್ಲಿ ಆರಲು ಬಿಡಲಿಲ್ಲ ನಾನು. ಫ್ಯಾನ್ ಮುಟ್ಟಿಯೂ ನೋಡಲಿಲ್ಲ. ಧೂಳು ಕಂಡಿತು, ಒತ್ತಿದೆ.

ಈಗಲೇ ಹೋಗಬೇಕು. ಆದರೆ ನಾಲ್ಕಕ್ಕೆ ಚರ್ಚು…

ಜೂನ್ 22, ಭಾನುವಾರ, ಬೆಳಿಗ್ಗೆ 9

ನಿನ್ನೆ ಹೋಗಲಿಲ್ಲ. ಬರೆದಿಡುತ್ತೇನೆ. ಹೋಗಲಿಲ್ಲ.

ಹಬ್ಬದಲ್ಲಿ ಚೂಯ್ ಭಾವನನ್ನು ಪಕ್ಕಕ್ಕೆ ಕರೆದೆ. ಅಂಗಡಿ ಅವನದು, ನಾನು ಅವನ ಕೈಕೆಳಗಿನ ಮೆಕ್ಯಾನಿಕ್. ಕೆಂಡದ ಮೇಲೆ ಮಾಂಸ ಮಗುಚುತ್ತ ಕೇಳಿಸಿಕೊಂಡ.

"ಸೋಮವಾರ ಹೋಗಿ ಡಬ್ಬಿ ಬದಲಾಯಿಸಿ ಬಾ ರೆನಾಟಾ. ಏನೂ ಬರೀಬೇಡ. ಇವತ್ತು ನನ್ನ ಮಗಳ ದಿನ, ಆ ಹರಳೆಣ್ಣೆ ಕುಡಿದ ಮುಖ ಇಟ್ಕೊಂಡು ಫೋಟೊದಲ್ಲಿ ನಿಲ್ಲಬೇಡ."

ನಿಂತೆ. ಕುಣಿದೆ ಕೂಡ.

ಇವತ್ತು ಆರು ಗಂಟೆಗೆಲ್ಲ ಸ್ಟಾಟ್ಸ್ ಮನೆ ಬಾಗಿಲಲ್ಲಿದ್ದೆ. ಯಾರೂ ತೆರೆಯಲಿಲ್ಲ. ಪಕ್ಕದ ಮನೆಯ ಗ್ಲೆನ್ ಎಂಬಾತ ಬೆಕ್ಕಿಗೆ ಅನ್ನ ಹಾಕಲು ಕೀಲಿ ಹಿಡಿದು ಬಂದ. ನಿನ್ನೆ ಸಂಜೆ ಐದಕ್ಕೆ ಆಂಬ್ಯುಲೆನ್ಸ್ ಬಂದಿತ್ತಂತೆ. ಎವರೆಟ್ ಕುರ್ಚಿಯಲ್ಲೇ ಮಾತು ತಪ್ಪಿ ಒರಗಿದ್ದರಂತೆ. ಮೈ ಮುಟ್ಟಿದರೆ ಒಲೆ ಮುಟ್ಟಿದ ಹಾಗಿತ್ತು ಎಂದ.

ಐದಕ್ಕೆ ನಾನು ಚರ್ಚಿನಲ್ಲಿ ಹೂ ಹಿಡಿದು ನಿಂತಿದ್ದೆ.

ಮೇಲೆ ಹತ್ತಿದೆ. ಕಂಪ್ರೆಸರ್ ಕಲ್ಲಿನ ಹಾಗೆ ತಣ್ಣಗಿತ್ತು. ಮೀಟರ್: ಎಲ್ಲ ಸರಿ. ಕೆಪಾಸಿಟರ್ ತಲೆ ಉಬ್ಬಿ ಕೂತಿತ್ತು. ಕುರುಡಿಗೂ ಕಾಣುವ ಹಾಗೆ. ಹೊಸದು ಹಾಕಿದೆ. ಇಪ್ಪತ್ತು ನಿಮಿಷ. ಫ್ಯಾನನ್ನು ಕೈಯಲ್ಲಿ ತಿರುಗಿಸಿದೆ, ಮೋಟಾರ್ ಬಿಗಿ, ಬಹಳ ದಿನ ಬಾಳದು. ಗ್ಲೆನ್ ಒಳಗೆ ಸ್ವಿಚ್ ಹಾಕಿದ. ಓಡಿತು.

ಒಳಗೆ ಹೋಗಿ ನಿಂತೆ. ಕುರ್ಚಿಯ ಕೆಳಗೆ ಬಕೆಟ್, ಒದ್ದೆ ಟವೆಲುಗಳ ರಾಶಿ. ಫ್ರಿಜ್ಜಿನ ಬಾಗಿಲಿಗೆ ಒಂದು ಚೀಟಿ: ‘ವರ್ಷಕ್ಕೊಮ್ಮೆ ಜಾಲರಿ’. ತಂಪು ಗಾಳಿ ಖಾಲಿ ಮನೆಯ ತುಂಬ ಬೀಸುತ್ತಿತ್ತು. ಬೆಕ್ಕು ಗಾಳಿ ಬರುವ ಕಿಂಡಿಯ ಕೆಳಗೆ ಹೋಗಿ ಮಲಗಿತು.

ಜೂನ್ 23, ಸೋಮವಾರ

ಆಸ್ಪತ್ರೆಗೆ ಹೋದೆ. ಎವರೆಟ್ ತೀವ್ರ ನಿಗಾ ಘಟಕದಲ್ಲಿ. ಮೂತ್ರಪಿಂಡ ಸೋತಿದೆ, ಕಣ್ಣು ತೆರೆಯುತ್ತಾರೆ, ಗುರುತು ಹಿಡಿಯುವುದಿಲ್ಲ. ವಿಲ್ಮಾ ಹೊರಗೆ ಪ್ಲಾಸ್ಟಿಕ್ ಕುರ್ಚಿಯಲ್ಲಿ. ಎಸಿ ಓಡುತ್ತಿದೆ ಎಂದೆ. ಕಂಪನಿಯವರು ಮನಸ್ಸು ಬದಲಾಯಿಸಿದರೆಂದೇ ತಿಳಿದು ಎರಡೂ ಕೈ ಹಿಡಿದುಕೊಂಡರು. ಗುಳ್ಳೆಯಿದ್ದ ಕೈಯನ್ನೂ. ದೇವರು ಒಳ್ಳೇದು ಮಾಡಲಿ ಎಂದರು.

ಹೇಳಲಿಲ್ಲ. ಹೇಳಲು ಹೋದವಳು ಲಿಫ್ಟ್ ಕೂಡ ಕಾಯದೆ ಮೆಟ್ಟಿಲಿಳಿದು ಬಂದೆ.

ಜೂನ್ 25, ಬುಧವಾರ

ನಿನ್ನೆ ಪೆನ್ನು ಮುಟ್ಟಲಿಲ್ಲ. ಯಾವ ಮನೆಯಲ್ಲೂ ಕೆಲಸ ಬೇಗ ಮುಗಿಯುತ್ತಿಲ್ಲ. ಎಲ್ಲವನ್ನೂ ಎರಡೆರಡು ಸಲ ನೋಡುತ್ತೇನೆ. ಅಂಕ ಇಳಿದಿದೆ ಎಂದು ಭಾವ ಕಣ್ಣು ಬಿಟ್ಟ.

ವಾರಂಟಿಯ ಕರಾರು ಕೊನೆಗೂ ಓದಿದೆ. ಹದಿನಾಲ್ಕು ಪುಟ. ಒಂಬತ್ತು ವರ್ಷದಿಂದ ಇವರ ಕೆಲಸ ಮಾಡಿದರೂ ಓದಿರಲಿಲ್ಲ. ಒಂಬತ್ತನೇ ಪುಟದಲ್ಲಿದೆ: ಕೊಳೆ ಇದ್ದ ಮಾತ್ರಕ್ಕೆ ಇಲ್ಲ ಅನ್ನುವಂತಿಲ್ಲ, ಕೊಳೆಯಿಂದಲೇ ಕೆಟ್ಟಿರಬೇಕು. ಕೊಳೆಯಿಂದಲೇ ಕೆಟ್ಟಿತು ಎಂದದ್ದು ಯಾರು? ನಾನೊಬ್ಬಳೇ. ಕಂಪನಿಯಲ್ಲಿ ಯಾರೂ ಆ ತಾರಸಿ ನೋಡಿಲ್ಲ. ನನ್ನ ಕಣ್ಣಿನಿಂದಲೇ ನೋಡಿದರು.

ಮುಂದಿನ ಪುಟ ಇನ್ನೂ ಕೆಟ್ಟದು. ಒಮ್ಮೆ ನಿರ್ವಹಣೆಯ ಕೊರತೆ ಎಂದು ದಾಖಲಾದರೆ ಆ ಯಂತ್ರಕ್ಕೆ ವರ್ಷ ಮುಗಿಯುವವರೆಗೆ ರಕ್ಷೆಯೇ ಇಲ್ಲ. ಅಂದರೆ ನಾನು ಸದ್ದಿಲ್ಲದೆ ಡಬ್ಬಿ ಬದಲಾಯಿಸಿದ್ದರಿಂದ ಏನೂ ಆಗಲಿಲ್ಲ. ಮೋಟಾರ್ ಇವತ್ತೋ ನಾಳೆಯೋ ಹೋಗುತ್ತದೆ. ಕಾದ ಕಂಪ್ರೆಸರಿಗೆ ಈ ಬೇಸಗೆ ದಾಟುವ ಶಕ್ತಿ ಇದೆಯೋ ಇಲ್ಲವೋ. ಆಗ ಅವರಿಗೆ ಯಾರೂ ಬರುವುದಿಲ್ಲ.

ಭಾವನಿಗೆ ಪುಟ ತೋರಿಸಿದೆ. ಬೇಸಗೆಯ ಕೆಲಸದಲ್ಲಿ ಅರ್ಧ ಆ ಕಂಪನಿಯಿಂದಲೇ ಬರುತ್ತದೆ, ತಪ್ಪು ಒಪ್ಪಿಕೊಂಡರೆ ನಮ್ಮನ್ನು ಪಟ್ಟಿಯಿಂದ ಕಿತ್ತುಹಾಕುತ್ತಾರೆ, ವಕೀಲರು ಬರುತ್ತಾರೆ ಎಂದ. ಅದೆಲ್ಲ ನಿಜ. ಕೊನೆಗೆ ಒಂದು ಮಾತು ಆಡಿದ —

"ಅವನಿಗೆ ಎಂಬತ್ತೊಂದು ವರ್ಷ. ಬಿಸಿಲು ನೀನು ತಂದಿದ್ದಾ?"

ಪುಟ ಮಡಚಿ ಜೇಬಿಗೆ ಹಾಕಿಕೊಂಡು ಹೊರಗೆ ಬಂದೆ. ಸಿಟ್ಟು ಬಂದಿತ್ತು.

ಜೂನ್ 28, ಶನಿವಾರ

ಗ್ಲೆನ್ ಫೋನ್ ಮಾಡಿದ. ಎವರೆಟ್ ವಾರ್ಡಿಗೆ ಬಂದಿದ್ದಾರೆ. ಹೆಂಡತಿಯ ಹೆಸರು ಹೇಳಿದರಂತೆ. ಏಳನೇ ತಾರೀಖು ಮನೆಗೆ.

ಖುಷಿಪಡಬೇಕು. ಪಟ್ಟೆ. ಹಿಂದೆಯೇ ಆ ಬಿಗಿ ಮೋಟಾರ್ ನೆನಪಾಯಿತು. ಕೂತಲ್ಲಿ ಕೂರಲಾಗುತ್ತಿಲ್ಲ. ಪಾತ್ರೆ ತೊಳೆದೆ, ತೊಳೆದದ್ದನ್ನೇ ಮತ್ತೆ ತೊಳೆದೆ.

ಜುಲೈ 1, ಮಂಗಳವಾರ

ಕಳಿಸಿದೆ. ತಿದ್ದುಪಡಿ ವರದಿ, ಒಂದೂವರೆ ಪುಟ. ಹದಿನೆಂಟರಂದು ಕಂಪ್ರೆಸರ್ ಆರುವವರೆಗೆ ಕಾಯಲಿಲ್ಲ. ಫ್ಯಾನ್ ಪರೀಕ್ಷಿಸಲಿಲ್ಲ. ಕಾರಣ ತಪ್ಪಾಗಿ ಬರೆದೆ. ಹಳೆಯ ಕೆಪಾಸಿಟರ್‌ನ ಫೋಟೊ ಲಗತ್ತು. ಕೆಳಗೆ ಹೆಸರು, ಲೈಸೆನ್ಸ್ ಸಂಖ್ಯೆ.

ಗಂಟೆಯೊಳಗೆ ಕಂಪನಿಯಿಂದ ಟ್ರೆಂಟ್ ಎಂಬವನ ಫೋನ್. ಚಿಕ್ಕ ವಯಸ್ಸಿನ ಧ್ವನಿ. ಧೂಳಿನಿಂದಲೇ ಕಾದಿರಬಹುದಲ್ಲವೇ ಎಂದು ಮೂರು ತರಹ ಕೇಳಿದ. ಧೂಳು ಇತ್ತು, ಫ್ಯಾನ್ ನಿಂತದ್ದು ಧೂಳಿನಿಂದಲ್ಲ ಎಂದು ಮೂರು ಸಲವೂ ಹೇಳಿದೆ.

"ಹಾಗಾದ್ರೆ ಎರಡರಲ್ಲಿ ಯಾವ ವರದಿ ಸುಳ್ಳು, ಮೇಡಂ?"

"ಯಾವುದೂ ಸುಳ್ಳಲ್ಲ. ಮೊದಲನೇದು ತಪ್ಪು."

ಆಮೇಲೆ ಭಾವನಿಗೆ ಹೇಳಿದೆ. ಅವನು ಮೊದಲು ಬಾಗಿಲು ಹಾಕಿದ. ಬೈಯುತ್ತಾನೆಂದು ಕಾದೆ. ಕುರ್ಚಿಯಲ್ಲಿ ಕೂತು ಟೋಪಿ ತೆಗೆದು ಮಂಡಿಯ ಮೇಲಿಟ್ಟುಕೊಂಡ. ಬೈದಿದ್ದರೆ ವಾಸಿಯಿತ್ತು.

ಜುಲೈ 3, ಗುರುವಾರ

ಅರ್ಜಿ ಮಂಜೂರು. ಹೊಸ ಮೋಟಾರ್ ಹಾಕಲು ಬೇರೆ ಅಂಗಡಿಯವರು ಬರುತ್ತಾರೆ. ಯಂತ್ರಕ್ಕೆ ರಕ್ಷೆ ಮೊದಲಿನಂತೆಯೇ.

ಎರಡನೇ ಕಾಗದ ನಮಗೆ. ಇನ್ನು ನಮ್ಮ ಅಂಗಡಿಗೆ ಅವರ ಕೆಲಸವಿಲ್ಲ. ಭಾವ ನನ್ನ ವ್ಯಾನಿನ ಕೀಲಿ ವಾಪಸ್ ಕೇಳಿದ. ಕೊಟ್ಟೆ. ಯೊಲಾಂಡಾ ಅಕ್ಕ ಫೋನ್ ಎತ್ತುತ್ತಿಲ್ಲ. ಅವಳ ತಪ್ಪೇನಿದೆ, ಅವಳಿಗೆ ಮೂರು ಮಕ್ಕಳು.

ಉಳಿದದ್ದು ಒಂದೇ. ಮೊದಲು ಮಾಡಬೇಕಾಗಿದ್ದೂ ಅದೇ.

ಜುಲೈ 5, ಶನಿವಾರ, ಮಧ್ಯಾಹ್ನ

ವಿಲ್ಮಾ ಮಂಚಕ್ಕೆ ಹೊಸ ಹಾಸು ಹಾಸುತ್ತಿದ್ದರು. ನಾನೂ ಒಂದು ಅಂಚು ಹಿಡಿದೆ. ಹಾಸಿ ಮುಗಿದ ಮೇಲೆ ನಿಂತೇ ಹೇಳಿದೆ. ಎಲ್ಲ, ಹಬ್ಬದ ಸಂಜೆಯದೂ ಸೇರಿಸಿ.

ವಿಲ್ಮಾ ದಿಂಬಿಗೆ ಕವರ್ ಹಾಕತೊಡಗಿದರು.

"ಆ ಡಬ್ಬಿ ಆವತ್ತು ನಿನ್ನ ಗಾಡೀಲಿತ್ತಾ?"

"ಇತ್ತು."

"ಎಷ್ಟು ಹೊತ್ತಿನ ಕೆಲಸ?"

"ಇಪ್ಪತ್ತು ನಿಮಿಷ."

ದಿಂಬು ಕೆಳಗಿಟ್ಟರು. ಧ್ವನಿ ಏರಲಿಲ್ಲ.

"ನಾಲ್ಕು ದಿನ ನೀರು ಚಿಮುಕಿಸ್ತಾ ಕೂತಿದ್ದೆ ಇಲ್ಲಿ. ಜಾಲರಿ ತೊಳೀಲಿಲ್ಲ, ನಾನೇ ನನ್ನ ಗಂಡನಿಗೆ ಹೀಗೆ ಮಾಡ್ದೆ ಅಂದ್ಕೊಂಡು. ಆಸ್ಪತ್ರೆ ಕುರ್ಚೀಲೂ ಅದೇ. ನೀನು ಬಂದೆ, ನಿನ್ನ ಕೈ ಹಿಡ್ಕೊಂಡೆ. ಆವತ್ತಾದ್ರೂ ಹೇಳಬಹುದಿತ್ತಲ್ಲ."

"ಹೇಳಬಹುದಿತ್ತು."

"ಈಗ ಹೋಗು."

ಬಂದೆ. ಆ ನಾಲ್ಕು ದಿನದ ಬಗ್ಗೆ ಯೋಚಿಸಿದ್ದೆ, ಆ ಬಿಸಿಲಿನ ಬಗ್ಗೆ, ಎವರೆಟ್ ಬಗ್ಗೆ. ಆ ಒಂದು ಗುಂಡಿ ಒತ್ತಿ ಆಕೆಯ ತಲೆಯ ಮೇಲೆ ಏನು ಹೊರಿಸಿದ್ದೆ ಎಂಬುದು ಮಾತ್ರ ಇವತ್ತಿನವರೆಗೆ ಹೊಳೆದಿರಲಿಲ್ಲ.

ಜುಲೈ 9, ಬುಧವಾರ, ಬೆಳಿಗ್ಗೆ 10.40

ಕೆಲಸವಿಲ್ಲದ ಆರನೆಯ ದಿನ. ದಕ್ಷಿಣದ ಬೆಟ್ಟದ ಮೇಲೆ ಮೋಡ ಕಟ್ಟುತ್ತಿದೆ, ಮಳೆ ಇಲ್ಲ, ಬರೀ ಸೆಕೆ.

ಈಗ ಫೋನ್ ಬಂತು. ವಿಲ್ಮಾ. ಎವರೆಟ್ ಮನೆಗೆ ಬಂದು ಎರಡು ದಿನ. ಮೇಲಿಂದ ಕಿರ್ರ್ ಎಂಬ ಸದ್ದು ಬರುತ್ತಿದೆ, ಗಾಳಿ ಬೆಚ್ಚಗಾಗುತ್ತಿದೆ. ಕಂಪನಿಯ ಹೊಸ ಅಂಗಡಿಯವರು ಶುಕ್ರವಾರ ಬರುತ್ತೇವೆ ಎಂದಿದ್ದಾರೆ. ಮೋಟಾರ್‌ನದೇ ಸದ್ದು. ಸ್ವಿಚ್ ಆಫ್ ಮಾಡಿ, ನಾನು ಬರುತ್ತೇನೆ, ಶುಕ್ರವಾರದವರೆಗೆ ಸಾಲುವ ಹಾಗೆ ಒಂದು ಹಳೆಯ ಮೋಟಾರ್ ಇದೆ ನನ್ನಲ್ಲಿ ಎಂದೆ.

"ನಿನ್ನನ್ನ ಕ್ಷಮಿಸಿದ್ದೀನಿ ಅಂತ ತಿಳ್ಕೋಬೇಡ. ಆ ಮೆಷಿನ್ನು ನಿಂಗೆ ಗೊತ್ತು, ಅದಕ್ಕೆ ಕರೀತಿರೋದು."

ಸರಿ ಎಂದೆ. ಹಿಂದಿನಿಂದ ಎವರೆಟ್ ಯಾರದು ಎಂದು ಕೇಳಿದ್ದು ಕೇಳಿಸಿತು. ಮಾತು ತೊದಲುತ್ತದೆ, ಆದರೂ ತಿಳಿಯಿತು. ಏಣಿ ಹತ್ತುವವಳು, ಬರ್ತಾ ಇದಾಳೆ ಎಂದರು ವಿಲ್ಮಾ.

ಗ್ಲೆನ್‌ಗೆ ಹೇಳಿದೆ, ಅವನ ಮನೆಯಲ್ಲಿ ಏಣಿ ಇದೆಯಂತೆ. ಅಷ್ಟು ಹೊತ್ತು ಎವರೆಟ್‌ರನ್ನು ಅವನ ಮನೆಯ ತಂಪಿನಲ್ಲಿ ಕೂರಿಸಬೇಕು, ಇಬ್ಬರಿದ್ದೇವೆ, ಎತ್ತಬಹುದು. ಮೋಟಾರ್ ಷೆಡ್ಡಿನಲ್ಲಿ, ಮೇಲಿನ ಹಲಗೆಯಲ್ಲಿ ಇರಬೇಕು. ಉಪಕರಣಗಳೆಲ್ಲ ಭಾವನ ವ್ಯಾನಿನಲ್ಲೇ ಉಳಿದಿವೆ, ಕೇಳಬೇಕು. ಕೊಡದಿದ್ದರೆ ಗ್ಲೆನ್ ಹತ್ತಿರ ಏನಿದೆಯೋ ಅದನ್ನೇ ಹಿಡಿದು ಹತ್ತುತ್ತೇನೆ. ಹೊರಟೆ.